ಮಕ್ಕಳನ್ನು ಕರ್ಕೊಂಡು ಕೆನಡಾಕ್ಕೆ ಹೊರಟಿದ್ದೀರಾ? ಕುಕ್ಕರ್ ವಿಚಾರ ಆಮೇಲೆ ನೋಡೋಣ

ಉಡುಪಿ ಕಡೆಯಿಂದ ನಮ್ಮ ಪರಿಚಯದವರು ಯಾರಾದರೂ ಕೆನಡಾಕ್ಕೆ ಹೊರಟರೆ ಒಂದು ಸಲ ನಮ್ಮ ಮನೆಗೆ ಬಂದೇ ಹೋಗುತ್ತಾರೆ. ನಾವು 2014ರಲ್ಲಿ ಹೋಗಿ, ಒಂಬತ್ತು ವರ್ಷ ಟೊರಾಂಟೊ ಪಕ್ಕದ ಬ್ರಾಂಪ್ಟನ್‌ನಲ್ಲಿದ್ದು ವಾಪಸ್ ಬಂದವರು, ಅದಕ್ಕೆ. ಮೊನ್ನೆ ಬ್ರಹ್ಮಾವರದ ಒಬ್ಬ ಹುಡುಗಿ ಗಂಡ, ಇಬ್ಬರು ಮಕ್ಕಳ ಜೊತೆ ಬಂದಿದ್ದಳು. ಕೈಯಲ್ಲಿ ಉದ್ದದ ಪಟ್ಟಿ. ಮೊದಲ ಪ್ರಶ್ನೆ: "ಅಕ್ಕ, ಕುಕ್ಕರ್ ಮೂರು ಲೀಟರಿಂದು ಸಾಕಾ, ಐದು ಲೀಟರಿಂದು ಬೇಕಾ?"

ಐದು ಅಂದೆ. ಪಟ್ಟಿಯಲ್ಲಿ ಉಪ್ಪಿನಕಾಯಿ ಇತ್ತು, ಥರ್ಮಲ್ ಬನಿಯನ್ ಇತ್ತು, ದೇವರ ಫೋಟೋ ಇತ್ತು. ಮಕ್ಕಳು ಅಲ್ಲಿ ಮನೆಯಲ್ಲಿ ಯಾವ ಭಾಷೆ ಮಾತಾಡಬೇಕು, ಅಜ್ಜಿ ಹತ್ತಿರ ಹೇಗೆ ಮಾತಾಡಬೇಕು, ಊರು ಅಂದರೆ ಅವರಿಗೆ ಏನು ನೆನಪಾಗಬೇಕು, ಇದೊಂದೂ ಇರಲಿಲ್ಲ. ನಮ್ಮ ಪಟ್ಟಿಯಲ್ಲೂ ಇರಲಿಲ್ಲ ಬಿಡಿ, ಪೆಟ್ಟು ತಿಂದ ಮೇಲೆ ಗೊತ್ತಾಯಿತು. ಅವಳಿಗೆ ಅವತ್ತು ಹೇಳಿದ್ದನ್ನೇ ಇಲ್ಲಿ ಬರೆಯುತ್ತಿದ್ದೇನೆ. ಎಲ್ಲ ಟೊರಾಂಟೊ ಇರುವ ಒಂಟಾರಿಯೋ ಪ್ರಾಂತ್ಯದ ಲೆಕ್ಕದಲ್ಲಿ. ಬೇರೆ ದೇಶಕ್ಕೆ ಹೋಗುವವರು ಕಾಗದದ ಭಾಗ ಬಿಟ್ಟು ಉಳಿದದ್ದನ್ನು ಓದಿ.

ಮೊದಲು ಕಾಗದ, ಬೇಗ ಮುಗಿಸೋಣ

ಏಜೆಂಟರು ಹೇಳುವುದನ್ನೆಲ್ಲ ನಾನು ಮತ್ತೆ ಹೇಳುವುದಿಲ್ಲ. ಅವರು ಸಾಮಾನ್ಯವಾಗಿ ಬಿಟ್ಟುಬಿಡುವ ಕೆಲವು ಮಾತ್ರ.

ಪಾಸ್‌ಪೋರ್ಟಿನಲ್ಲಿ ಸರ್‌ನೇಮ್ ಜಾಗ ಖಾಲಿ ಇದೆಯಾ ನೋಡಿ. ನಮ್ಮ ಕಡೆ ತುಂಬ ಜನರ ಪೂರ್ತಿ ಹೆಸರು ಗಿವನ್ ನೇಮ್ ಜಾಗದಲ್ಲೇ ಕೂತಿರುತ್ತದೆ. ಅಲ್ಲಿ ಬ್ಯಾಂಕು, ಶಾಲೆ, ಆಸ್ಪತ್ರೆ, ಎಲ್ಲಿ ಹೋದರೂ ಮೊದಲು ಕೇಳುವುದೇ ಲಾಸ್ಟ್ ನೇಮ್. ಶೆಟ್ಟಿಯೋ ಪೂಜಾರಿಯೋ ಆಚಾರ್ಯವೋ ಡಿಸೋಜವೋ, ಏನಿದೆಯೋ ಅದನ್ನು ವೀಸಾ ಅರ್ಜಿ ಹಾಕುವ ಮೊದಲೇ ಮಂಗಳೂರಿನ ಪಾಸ್‌ಪೋರ್ಟ್ ಸೇವಾ ಕೇಂದ್ರಕ್ಕೆ ಹೋಗಿ ಸರಿ ಮಾಡಿಸಿಕೊಳ್ಳಿ. ಗಂಡನಿಗೊಂದು, ಹೆಂಡತಿಗೊಂದು, ಮಗುವಿಗೆ ಇನ್ನೊಂದು ಇದ್ದರೆ ಅದು ತಪ್ಪೇನಲ್ಲ, ಆದರೆ ಪ್ರತಿ ಕೌಂಟರಿನಲ್ಲೂ ನಿಂತು ಪುರಾಣ ಹೇಳಬೇಕಾಗುತ್ತದೆ.

ಮೊದಲು ಗಲ್ಫ್‌ನಲ್ಲಿದ್ದವರಿಗೆ ಒಂದು ಮಾತು. ಪಿಆರ್ ಅಂದರೆ ಅಲ್ಲಿ ಕಾಯಂ ಆಗಿ ಇರುವ ಅನುಮತಿಯ ಅರ್ಜಿಗೆ, ಕಳೆದ 10 ವರ್ಷದಲ್ಲಿ ಯಾವ ದೇಶದಲ್ಲಿ ಸತತ ಆರು ತಿಂಗಳು ಅಥವಾ ಜಾಸ್ತಿ ಇದ್ದಿರೋ ಆ ದೇಶದ ಪೊಲೀಸ್ ಸರ್ಟಿಫಿಕೇಟೂ ಬೇಕು. ಊರಿಗೆ ಬಂದು ಕೂತ ಮೇಲೆ ಕುವೈತಿನಿಂದಲೋ ಮಸ್ಕತ್ತಿನಿಂದಲೋ ಅದನ್ನು ತರಿಸುವುದು ತಲೆನೋವು, ಅಲ್ಲಿಂದ ಹೊರಡುವಾಗಲೇ ದಾರಿ ನೋಡಿಟ್ಟುಕೊಳ್ಳಿ.

ಮಕ್ಕಳ ತಾಯಿ ಕಾರ್ಡ್ ಎಲ್ಲಿದೆ? ಹುಡುಕಿ. ಒಂಟಾರಿಯೋದಲ್ಲಿ ಶಾಲೆಗೆ ಹೋಗುವ ಮಕ್ಕಳ ಲಸಿಕೆಯ ದಾಖಲೆ ಕೊಡಲೇಬೇಕು. 2010 ಅಥವಾ ಆಮೇಲೆ ಹುಟ್ಟಿದ ಮಕ್ಕಳಿಗೆ ಚಿಕನ್‌ಪಾಕ್ಸ್ ಲಸಿಕೆಯೂ ಆ ಪಟ್ಟಿಯಲ್ಲಿದೆ. ನಮ್ಮ ಸರಕಾರಿ ಲಸಿಕೆಯಲ್ಲಿ ಅದು ಬರುವುದಿಲ್ಲ. ಖಾಸಗಿ ಡಾಕ್ಟರ್ ಹತ್ತಿರ ಹಾಕಿಸಿದ್ದರೆ ತಾರೀಕು ಸಮೇತ ಇಂಗ್ಲಿಷಿನಲ್ಲಿ ಬರೆಸಿಕೊಳ್ಳಿ.

ಇನ್ನು ಜಾಗದ ವಿಚಾರ. ನೀವು ಎನ್‌ಆರ್‌ಐ ಆದ ಮೇಲೆ ಇಲ್ಲಿ ಫ್ಲ್ಯಾಟ್ ತಗೊಳ್ಳಬಹುದು. ಗದ್ದೆ, ತೋಟ ತಗೊಳ್ಳುವ ಹಾಗಿಲ್ಲ. ಹಿರಿಯರಿಂದ ಬಂದದ್ದು ಇಟ್ಟುಕೊಳ್ಳಬಹುದು. ಭಾರತದಲ್ಲಿ ಎರಡು ಪೌರತ್ವ ಇಲ್ಲ, ಹಾಗಾಗಿ ಮುಂದೆ ಕೆನಡಾ ಪಾಸ್‌ಪೋರ್ಟ್ ತಗೊಂಡರೆ ನಮ್ಮದು ಹೋಗುತ್ತದೆ, ಬದಲಿಗೆ ಓಸಿಐ ಕಾರ್ಡ್ ಸಿಗುತ್ತದೆ. ಅದರಲ್ಲಿ ಬಂದು ಇರಬಹುದು, ಓಟು ಹಾಕುವ ಹಾಗಿಲ್ಲ. ನಮ್ಮ ಮಗ 2016ರಲ್ಲಿ ಅಲ್ಲೇ ಹುಟ್ಟಿದವನು, ಹುಟ್ಟಿನಿಂದಲೇ ಕೆನಡಾದವನು. ಈಗ ಉಡುಪಿಯಲ್ಲಿ ಓದುತ್ತಿದ್ದಾನೆ, ಓಸಿಐ ಕಾರ್ಡಿನ ಮೇಲೆ. ಅವನ ಅಜ್ಜಿಗೆ ಇದು ಇವತ್ತಿಗೂ ಅರ್ಥವಾಗಿಲ್ಲ.

ಪೆಟ್ಟಿಗೆಗೆ ಏನು ಹಾಕಬೇಕು, ಏನು ಬೇಡ

ಮಿಕ್ಸಿ ಬೇಡ. ಅಲ್ಲಿನ ಕರೆಂಟು 120 ವೋಲ್ಟ್, ನಮ್ಮದು 230. ನಾವು ತಗೊಂಡು ಹೋದ ಮಿಕ್ಸಿ ಒಂಬತ್ತು ವರ್ಷ ಕಪಾಟಿನ ಮೇಲೆ ಕೂತಿತ್ತು. ಅಲ್ಲಿನ ಇಂಡಿಯನ್ ಅಂಗಡಿಯಲ್ಲೇ 110 ವೋಲ್ಟಿನ ಮಿಕ್ಸಿ ಸಿಗುತ್ತದೆ, ಕಲ್ಲಿನ ಗ್ರೈಂಡರ್ ಕೂಡ.

ಅಕ್ಕಿ ಬೇಡ. ಕುಚ್ಚಲಕ್ಕಿಗೆ ಕೇರಳದವರ ಅಂಗಡಿ ಹುಡುಕಿ, ಮಟ್ಟ ಅಕ್ಕಿ ಅಂತ ಕೇಳಿ. ನಮ್ಮ ಅಕ್ಕಿಯೇ ಅಂತ ಹೇಳಲಾರೆ, ಆದರೆ ಗಂಜಿ ಗಂಜಿಯ ಹಾಗೇ ಆಗುತ್ತದೆ.

ತಗೊಂಡು ಹೋಗಬೇಕಾದ್ದು: ಮನೆಯಲ್ಲಿ ಹುರಿದು ಪುಡಿ ಮಾಡಿಸಿದ ಮಸಾಲೆ, ಕೋಳಿ ಸಾರಿಗೆ ರೊಟ್ಟಿ ಪ್ಯಾಕೆಟ್, ಇಡ್ಲಿ ಗ್ಲಾಸು ಅಂದರೆ ಎಲೆಯ ಮೂಡೆಯ ಬದಲಿಗೆ ಹಿಟ್ಟು ಹೊಯ್ಯುವ ಉದ್ದದ ಸ್ಟೀಲ್ ಗ್ಲಾಸು. ಒಣ ಮೀನು ಬೇಕೇ ಬೇಕು ಅನ್ನುವವರು ತಗೊಂಡು ಹೋಗಬಹುದು, ಆದರೆ ಕಸ್ಟಮ್ಸ್ ಫಾರ್ಮಿನಲ್ಲಿ ಬರೆಯಿರಿ. ಆಹಾರ ಇದೆಯಾ ಅಂತ ಕೇಳಿದರೆ ಇದೆ ಅನ್ನಿ. ಹೇಳಿದರೆ ಹೆಚ್ಚೆಂದರೆ ತೆಗೆದು ಬಿಸಾಡುತ್ತಾರೆ. ಮುಚ್ಚಿಟ್ಟು ಸಿಕ್ಕಿಬಿದ್ದರೆ ದಂಡ. ಗಿಡ, ಬೀಜ, ಮಣ್ಣು ಮಾತ್ರ ತರಲೇಬೇಡಿ. ತುಳಸಿ ಗಿಡ ಅಲ್ಲೇ ಸಿಗುತ್ತದೆ, ಚಳಿಗಾಲದಲ್ಲಿ ಕಿಟಕಿ ಒಳಗೆ ಇಡಬೇಕು ಅಷ್ಟೆ.

ಒಣ ಸಿಗಡಿಯ ಬಗ್ಗೆ ಒಂದು ಎಚ್ಚರಿಕೆ. ನಾವು ಹೋದ ಎರಡನೇ ವಾರ ಚಟ್ನಿಗೆ ಅಂತ ಬಾಣಲೆಯಲ್ಲಿ ಹುರಿಯಲು ಹಾಕಿದೆ. ಕಿಟಕಿ ಮುಚ್ಚಿತ್ತು, ಹೊರಗೆ ಮೈನಸ್ ಹದಿನೆಂಟು. ಎರಡೇ ನಿಮಿಷದಲ್ಲಿ ಛಾವಣಿಯ ಸ್ಮೋಕ್ ಅಲಾರಂ ಕೂಗಲು ಶುರು. ಗಂಡ ಕುರ್ಚಿ ಹತ್ತಿ ಅದಕ್ಕೆ ಟವೆಲ್ ಬೀಸುತ್ತಿದ್ದಾರೆ, ಮಗಳು ಕಿವಿ ಮುಚ್ಚಿಕೊಂಡು ಅಳುತ್ತಿದ್ದಾಳೆ, ನಾನು ಬಾಣಲೆ ಹಿಡಿದುಕೊಂಡು ಬಾಲ್ಕನಿಯಲ್ಲಿ ಬರಿಗಾಲಲ್ಲಿ ಹಿಮದ ಮೇಲೆ. ಮೊದಲು ಎಕ್ಸಾಸ್ಟ್ ಹಾಕಿ, ಕಿಟಕಿ ಒಂದು ಇಂಚು ತೆರೆಯಿರಿ, ಕೋಟುಗಳನ್ನೆಲ್ಲ ಕಪಾಟಿನ ಒಳಗಿಟ್ಟು ಬಾಗಿಲು ಹಾಕಿ, ಆಮೇಲೆ ಹುರಿಯಿರಿ. ಕೋಟಿಗೆ ವಾಸನೆ ಹಿಡಿದರೆ ಬಸ್ಸಿನಲ್ಲಿ ಪಕ್ಕದವರಿಗೆ ನಮ್ಮ ಮಧ್ಯಾಹ್ನದ ಊಟ ಏನು ಅಂತ ಗೊತ್ತಾಗುತ್ತದೆ.

ಅಡುಗೆಮನೆಯನ್ನು ಮೊದಲ ವಾರವೇ ಶುರು ಮಾಡಿ

ಹೊಸತರಲ್ಲಿ ಬ್ರೆಡ್ಡು, ಪಾಸ್ತಾ ಅಂತ ದಿನ ತಳ್ಳುವುದು ಸುಲಭ. ಮಕ್ಕಳ ನಾಲಿಗೆ ಅಷ್ಟರಲ್ಲಿ ಬೇರೆ ಕಡೆ ತಿರುಗಿರುತ್ತದೆ. ವಾರಕ್ಕೆ ಎರಡು ದಿನ ನೀರುದೋಸೆ ಅಂತ ಇಟ್ಟುಕೊಳ್ಳಿ. ಹಿಟ್ಟು ಹುಳಿ ಬರಬೇಕಾಗಿಲ್ಲ, ಎಂಥಾ ಚಳಿಯಲ್ಲೂ ಆಗುತ್ತದೆ. ಉದ್ದಿನ ಹಿಟ್ಟು ಮಾತ್ರ ಚಳಿಗೆ ಉಬ್ಬುವುದಿಲ್ಲ, ಅದನ್ನು ಓವನ್ ಒಳಗಿಟ್ಟು ಬರೇ ಲೈಟ್ ಹಾಕಿ ರಾತ್ರಿ ಬಿಡಿ, ಓವನ್ ಆನ್ ಮಾಡಬೇಡಿ.

ತೆಂಗಿನಕಾಯಿ ತುರಿ ಫ್ರೀಜರಿನಲ್ಲಿ ಸಿಗುತ್ತದೆ. ಬಾಳೆಎಲೆ ವಿಯೆಟ್ನಾಂ, ಫಿಲಿಪ್ಪೀನ್ಸ್‌ನವರ ಅಂಗಡಿಯ ಫ್ರೀಜರಿನಲ್ಲಿ. ಹಲಸಿನ ಹಣ್ಣು ಅಲ್ಲೇ ಡಬ್ಬಿಯಲ್ಲಿ, ಎಲೆಯಲ್ಲಿ ಸುತ್ತಿ ಬೇಯಿಸುವ ಗಟ್ಟಿ ಅನ್ನುವ ತಿಂಡಿಗೆ ನಡೆಯುತ್ತದೆ. ಪತ್ರೊಡೆಗೆ ಕೆಸುವಿನ ಎಲೆ ಕೆರಿಬಿಯನ್ ಅಂಗಡಿಗಳಲ್ಲಿ ಒಮ್ಮೊಮ್ಮೆ ಸಿಗುತ್ತದೆ, ಇಲ್ಲದಿದ್ದರೆ ಕೊಲಾರ್ಡ್ ಸೊಪ್ಪಿನಲ್ಲಿ ಮಾಡಿ, ತುರಿಸುವುದೂ ಇಲ್ಲ. ಅರಿಶಿನ ಎಲೆ ಬೇಕಿದ್ದರೆ ಅಂಗಡಿಯ ಹಸಿ ಅರಿಶಿನ ಕೊಂಬನ್ನೇ ಮಾರ್ಚಿನಲ್ಲಿ ಕುಂಡದಲ್ಲಿ ಹುಗಿದು ಮನೆ ಒಳಗಿಡಿ. ನಮ್ಮದು ಚೌತಿ ಹೊತ್ತಿಗೆ ಆರು ಎಲೆ ಬಿಟ್ಟಿತ್ತು. ಆರು ಎಲೆಗೆ ಆರು ಗಟ್ಟಿ. ಲೆಕ್ಕ ಹಾಕಿ ತಿಂದದ್ದು.

ಭಾಷೆ: ಇದನ್ನು ನಿಧಾನ ಓದಿ

ಮಗಳಿಗೆ ಐದು ವರ್ಷ ಇರುವಾಗ ಹೋದೆವು. ಶಾಲೆಗೆ ಸೇರಿಸಿ ಒಂದು ತಿಂಗಳಿಗೆ ಅಲ್ಲಿನ ಟೀಚರ್ ನಮ್ಮನ್ನು ಕರೆದು, ಮಗು ಮಾತಾಡುತ್ತಿಲ್ಲ, ಮನೆಯಲ್ಲೂ ಇಂಗ್ಲಿಷ್ ಮಾತಾಡಿ ಅಂದರು. ಹೆದರಿಕೆಗೆ ಹಾಗೇ ಮಾಡಿದೆವು. ನಮ್ಮ ಇಂಗ್ಲಿಷ್ ಕೇಳಿದರೆ ಗೋಡೆಯೂ ನಗಬೇಕು, ಆದರೂ ಎಂಟು ತಿಂಗಳು ಬಿಡದೆ ಮಾತಾಡಿದೆವು. ಒಂದು ಭಾನುವಾರ ಕೋಟದಿಂದ ಅತ್ತೆ ಫೋನ್ ಮಾಡಿ ಯಾವಾಗಿನ ಹಾಗೆ ಕೇಳಿದರು: "ಮಗಾ, ಉಂಡ್ಯಾ?" ಮಗಳು ಫೋನ್ ಕೆಳಗಿಳಿಸಿ ನನ್ನ ಮುಖ ನೋಡಿದಳು. "ಅಮ್ಮಾ, ವಾಟ್ ಈಸ್ ಶಿ ಸೇಯಿಂಗ್?"

ಅತ್ತೆಗೆ ಅದು ಕೇಳಿಸಿತ್ತು. ಸ್ವಲ್ಪ ಹೊತ್ತು ಸುಮ್ಮನಿದ್ದು, "ನೆಟ್‌ವರ್ಕ್ ಸಮ ಇಲ್ಲ ಕಾಂತ್, ಕಡಿಕೆ ಮಾಡ್ತೆ", ಅಂದರೆ ನೆಟ್‌ವರ್ಕ್ ಸರಿ ಇಲ್ಲ ಕಾಣುತ್ತದೆ, ಆಮೇಲೆ ಮಾಡುತ್ತೇನೆ, ಅಂದು ಇಟ್ಟರು. ನೆಟ್‌ವರ್ಕ್ ಚೆನ್ನಾಗಿಯೇ ಇತ್ತು.

ಅವತ್ತಿನಿಂದ ತಿರುಗಿ ಶುರು ಮಾಡಿದ್ದು. ಮೊದಲ ದಿನದಿಂದಲೇ ಮಾಡಿದ್ದರೆ ಕಾಲು ಭಾಗ ಕಷ್ಟದಲ್ಲಿ ಆಗುತ್ತಿತ್ತು. ಹೀಗೆ ಮಾಡಿ.

ಒಂದು, ಯಾವ ಭಾಷೆ ಅಂತ ವಿಮಾನ ಹತ್ತುವ ಮೊದಲೇ ಗಂಡ ಹೆಂಡತಿ ಕೂತು ತೀರ್ಮಾನಿಸಿ. ಇಲ್ಲಿ ಮನೆಯಲ್ಲಿ ತುಳು ಇದ್ದರೆ ಅಲ್ಲೂ ತುಳು, ಕೊಂಕಣಿ ಇದ್ದರೆ ಕೊಂಕಣಿ, ಬ್ಯಾರಿ ಇದ್ದರೆ ಬ್ಯಾರಿ, ನಮ್ಮ ಹಾಗೆ ಕುಂದಾಪುರ ಕಡೆಯ ಕುಂದಗನ್ನಡ ಇದ್ದರೆ ಅದೇ. ಪರದೇಶಕ್ಕೆ ಹೋದ ಕೂಡಲೇ ಮಗುವಿನ ಹತ್ತಿರ ಪುಸ್ತಕದ ಕನ್ನಡ ಮಾತಾಡಲು ಹೋಗುವವರನ್ನು ನೋಡಿದ್ದೇನೆ. ನಿಮಗೇ ಬಾಯಿಗೆ ಬಾರದ ಭಾಷೆಯಲ್ಲಿ ಮಗುವನ್ನು ಬೈಯಲು ಆಗುತ್ತದಾ? ಮುದ್ದು ಮಾಡಲು ಆಗುತ್ತದಾ? ಮನೆ ಭಾಷೆ ಗಟ್ಟಿಯಾದರೆ ಬರೆಯುವ ಕನ್ನಡ ಆಮೇಲೆ ಬರುತ್ತದೆ.

ಅಪ್ಪನದು ತುಳು, ಅಮ್ಮನದು ಕೊಂಕಣಿ ಅಂತಾದರೆ ಇಬ್ಬರೂ ಅವರವರದ್ದೇ ಮಾತಾಡಿ. ಮಗುವಿಗೆ ಗೊಂದಲ ಆಗುತ್ತದೆ ಅಂತ ಯಾರಾದರೂ ಹೇಳಿದರೆ ನಗು ಬರುತ್ತದೆ. ಮಂಗಳೂರಿನ ಮಗು ಮನೆಯಲ್ಲಿ ಕೊಂಕಣಿ, ಬೀದಿಯಲ್ಲಿ ತುಳು, ಶಾಲೆಯಲ್ಲಿ ಕನ್ನಡ, ಟಿವಿಯಲ್ಲಿ ಹಿಂದಿ ಅಂತ ಬೆಳೆದದ್ದೇ ಅಲ್ವಾ? ನಮ್ಮ ಊರಿಗೆ ಗೊತ್ತಿದ್ದ ವಿದ್ಯೆಯನ್ನು ನಾವು ಟೊರಾಂಟೊದಲ್ಲಿ ಮರೆತೆವು. ಶಾಲೆಯ ಇಂಗ್ಲಿಷ್ ಶಾಲೆಯಲ್ಲೇ ಬರುತ್ತದೆ, ಒಂದು ವರ್ಷದೊಳಗೆ ನಿಮ್ಮ ಉಚ್ಚಾರಣೆಯನ್ನು ತಿದ್ದಲು ಶುರು ಮಾಡುತ್ತಾರೆ ನೋಡಿ.

ಎರಡು, ಮಗು ಇಂಗ್ಲಿಷಿನಲ್ಲಿ ಉತ್ತರ ಕೊಟ್ಟರೆ ಬೈಯಬೇಡಿ. "ಕನ್ನಡದಲ್ಲಿ ಹೇಳು" ಅಂತ ನಿಲ್ಲಿಸಿದರೆ ಮಾತೇ ನಿಂತುಹೋಗುತ್ತದೆ. ಅವಳು ಇಂಗ್ಲಿಷಿನಲ್ಲಿ ಹೇಳಿದ್ದನ್ನೇ ನೀವು ನಿಮ್ಮ ಭಾಷೆಯಲ್ಲಿ ಒಂದು ಸಲ ಅಂದು ಮಾತು ಮುಂದುವರಿಸಿ. "ಶಾಲೆಯಲ್ಲಿ ಬಿದ್ಯಾ? ಎಲ್ಲಿ ತಾಗಿತು?" ಅಷ್ಟೆ. ಇದು ಬೋರು, ತಿಂಗಳುಗಟ್ಟಲೆ ಏನೂ ಆದ ಹಾಗೆ ಕಾಣುವುದಿಲ್ಲ. ನಮಗೆ ಏಳು ತಿಂಗಳು ಹಿಡಿಯಿತು.

ಮೂರು, ಮನೆಯಲ್ಲಿ ಒಂದು ಜಾಗ ಗೊತ್ತು ಮಾಡಿ. ನಮ್ಮದು ಅಡುಗೆಮನೆ. ಅಲ್ಲಿ ಒಲೆ ಹತ್ತಿರ ನಿಂತವರು ಊರ ಭಾಷೆಯೇ ಮಾತಾಡುವುದು, ಅಪ್ಪನೂ ಸೇರಿ. ಕೆಲವರಿಗೆ ಕಾರು ಸರಿ ಹೋಗುತ್ತದೆ.

ನಾಲ್ಕು, ಅಕ್ಷರ. ಏಳು ವರ್ಷದ ಹೊತ್ತಿಗೆ ಶುರು ಮಾಡಿದರೆ ಸಾಕು. ವರ್ಕ್‌ಬುಕ್ ತಂದು ಅಆಇಈ ತಿದ್ದಿಸಲು ಹೋಗಿ ಸೋತೆ. ಆಮೇಲೆ ಮಸಾಲೆ ಡಬ್ಬಿಗಳ ಇಂಗ್ಲಿಷ್ ಚೀಟಿಯೆಲ್ಲ ಕಿತ್ತು ಕನ್ನಡದಲ್ಲಿ ಬರೆದು ಅಂಟಿಸಿದೆ. ಜೀರಿಗೆ ತಾ, ಮೆಂತ್ಯ ತಾ. ಮೊದಲು ವಾಸನೆ ನೋಡಿ ತರುತ್ತಿದ್ದಳು, ಕಳ್ಳಿ. ಆಮೇಲೆ ಓದಿ. ಅವಳು ಒತ್ತಕ್ಷರ ಕಲಿತದ್ದೇ ಉಪ್ಪು, ಉದ್ದು, ಬೆಲ್ಲ, ಕೊತ್ತಂಬರಿಯಿಂದ. ಒಂದು ದಿನ ಸಾರಿಗೆ ಕೈ ಹಾಕುವಾಗ ಡಬ್ಬಿ ತಿರುಗಿಸಿ, "ಅಮ್ಮಾ, ನೀನು ಕೊತ್ತಂಬರಿಗೆ ಒತ್ತು ಕೊಡಲಿಲ್ಲ" ಅಂದಳು. ನಿಜ, ಅವಸರದಲ್ಲಿ ಬಿಟ್ಟಿದ್ದೆ.

ಐದು, ಜನ ಸೇರಿಸಿ. ಒಂಟಾರಿಯೋದ ಶಾಲಾ ಬೋರ್ಡುಗಳಲ್ಲಿ ಬೇರೆ ಬೇರೆ ಭಾಷೆ ಕಲಿಸುವ ತರಗತಿಗಳಿವೆ, ಹೆಚ್ಚಾಗಿ ಶನಿವಾರ. 25 ಮಕ್ಕಳ ಹೆತ್ತವರು ಬರೆದು ಕೇಳಿದರೆ ಬೋರ್ಡು ತರಗತಿ ನಡೆಸಬೇಕು ಅಂತ ನಿಯಮವೇ ಇದೆ. ಕನ್ನಡ ಬಳಗಗಳೂ ಇವೆ. ಆದರೆ ವರ್ಷಕ್ಕೆ ಒಂದು ರಾಜ್ಯೋತ್ಸವಕ್ಕೆ ಹೋಗಿ ಮಗು ಸ್ಟೇಜಿನ ಮೇಲೆ ಕುಣಿದು ಬಂದರೆ ಕೆಲಸ ಮುಗಿಯಿತು ಅಂದುಕೊಳ್ಳಬೇಡಿ. ಕುಣಿದ ಮಕ್ಕಳಲ್ಲಿ ಅರ್ಧ ಜನಕ್ಕೆ ಹಾಡಿನ ಒಂದು ಶಬ್ದ ಗೊತ್ತಿರುವುದಿಲ್ಲ, ನಾನೇ ಸ್ಟೇಜ್ ಹಿಂದೆ ಪಿನ್ನು ಹಾಕುತ್ತ ಕೇಳಿದವಳು.

ಶಾಲೆಯ ಡಬ್ಬಿ ಮತ್ತು ವಂಶವೃಕ್ಷ

ನೆಲಗಡಲೆ ಹಾಕಿದ ಯಾವುದನ್ನೂ ಡಬ್ಬಿಗೆ ಹಾಕಬೇಡಿ, ಅಲರ್ಜಿ ಮಕ್ಕಳಿರುತ್ತಾರೆ ಅಂತ ತುಂಬ ಶಾಲೆಗಳಲ್ಲಿ ಬಿಡುವುದಿಲ್ಲ. ಚಿತ್ರಾನ್ನವೂ ಸೇರಿ. ಡಬ್ಬಿ ತೆರೆದ ಕೂಡಲೇ ಪಕ್ಕದವರು ಮೂಗು ಮುಚ್ಚುವುದು ಒಂದಲ್ಲ ಒಂದು ದಿನ ಆಗಿಯೇ ಆಗುತ್ತದೆ. ಡಬ್ಬಿ ತುಂಬಿದ್ದಂತೆಯೇ ವಾಪಸ್ ಬಂದರೆ ಅದೇ ವಿಚಾರ ಅಂತ ತಿಳಿಯಿರಿ, ಹೊಟ್ಟೆ ಸರಿ ಇಲ್ಲ ಅಂತ ಕಷಾಯ ಕುಡಿಸಬೇಡಿ. ನಾನು ಕುಡಿಸಿದ್ದೆ. ಇಲ್ಲಿ ಹಟ ಬೇಡ ಅಂತ ನನ್ನ ಅಭಿಪ್ರಾಯ. ಮಧ್ಯಾಹ್ನ ಅವರಿಗೆ ಬೇಕಾದ ಸ್ಯಾಂಡ್‌ವಿಚ್ ಹೋಗಲಿ, ರಾತ್ರಿ ಊಟ ನಮ್ಮದು. ಬನ್ಸ್ ಮಾತ್ರ ಹಾಕಿ ಕಳಿಸಿ ನೋಡಿ. ಬಾಳೆಹಣ್ಣಿನ ಪೂರಿ, ಸಿಹಿ, ವಾಸನೆ ಇಲ್ಲ. ಮಗಳ ಕ್ಲಾಸಿನಲ್ಲಿ ಅದಕ್ಕೆ ಕ್ಯೂ ಇತ್ತು.

ಮೂರನೇ ಕ್ಲಾಸಿನಲ್ಲೋ ಏನೋ ಫ್ಯಾಮಿಲಿ ಟ್ರೀ ಬರೆದು ತರಲು ಹೇಳಿದರು. ಕೊಟ್ಟ ಹಾಳೆಯಲ್ಲಿ ಅಪ್ಪನ ಕಡೆಯಿಂದ ಹೆಸರು ಇಳಿದು ಬರುವ ಹಾಗೆ ಗೆರೆ ಎಳೆದಿತ್ತು. ನಮ್ಮದು ಅಳಿಯಕಟ್ಟಿನ ಮನೆ, ಬಳಿ ಅಂದರೆ ಕುಲ ಬರುವುದು ತಾಯಿಯಿಂದ. ಫೋನ್ ಹಚ್ಚಿ ನನ್ನ ಅಮ್ಮನ ಹತ್ತಿರ ಕೇಳಿದರೆ ಅಮ್ಮ, ಅಜ್ಜಿ, ಅಜ್ಜಿಯ ಅಮ್ಮ, ಅವರಮ್ಮ ಅಂತ ಹೇಳುತ್ತ ಹೋದರು, ಮಗಳು ಹಾಳೆ ಮಗುಚಿ ಹಿಂದಿನ ಬದಿಯಲ್ಲಿ ಹೊಸ ಮರ ಬರೆದಳು, ಪೂರ್ತಿ ಹೆಂಗಸರದ್ದೇ. ಇಂಥ ಹೋಮ್‌ವರ್ಕ್ ಬಂದರೆ ಗೂಗಲ್ ಮಾಡಬೇಡಿ, ಊರಿಗೆ ಫೋನ್ ಮಾಡಿಸಿ.

ಫೋನಿಗೆ ಟೈಮ್ ಗೊತ್ತು ಮಾಡಿ

"ಪುರುಸೊತ್ತಾದಾಗ ಮಾಡ್ತೇವೆ" ಅಂದರೆ ಆಗುವುದಿಲ್ಲ. ಟೊರಾಂಟೊ ನಮಗಿಂತ ಬೇಸಿಗೆಯಲ್ಲಿ ಒಂಬತ್ತೂವರೆ ಗಂಟೆ ಹಿಂದೆ, ಚಳಿಗಾಲದಲ್ಲಿ ಹತ್ತೂವರೆ. ಅಲ್ಲಿನ ಭಾನುವಾರ ಬೆಳಗ್ಗೆ ಒಂಬತ್ತು ಅಂದರೆ ಇಲ್ಲಿ ಸಂಜೆ ಆರೂವರೆ, ದೀಪ ಹಚ್ಚಿ ಅಜ್ಜಿ ಜಗಲಿಯಲ್ಲಿ ಕೂತ ಹೊತ್ತು. ನವೆಂಬರ್ ಮೊದಲ ಭಾನುವಾರ ಅಲ್ಲಿ ಗಡಿಯಾರ ಹಿಂದೆ ಇಟ್ಟ ಮೇಲೆ ಅದೇ ಫೋನು ಇಲ್ಲಿ ಏಳೂವರೆಗೆ ಬರುತ್ತದೆ, ಅಜ್ಜಿಯ ಧಾರಾವಾಹಿಯ ಮಧ್ಯಕ್ಕೆ. ಆಗ ಉತ್ತರವೆಲ್ಲ "ಹೂಂ", "ಹೂಂ". ಹಾಗಾಗಿ ಚಳಿಗಾಲದಲ್ಲಿ ಒಂದು ಗಂಟೆ ಬೇಗ ಎದ್ದು ಎಂಟಕ್ಕೇ ಮಾಡಿ.

"ಹೇಗಿದ್ದೀಯಾ, ಚೆನ್ನಾಗಿದ್ದೇನೆ" ಮುಗಿದ ಮೇಲೆ ಮಕ್ಕಳಿಗೆ ಮಾತು ಸಿಗುವುದಿಲ್ಲ. ಏನಾದರೂ ಕೆಲಸ ಕೊಡಿ. ಕ್ಯಾಮರಾ ಇಟ್ಟು ಅಜ್ಜಿ ಹೇಳಿದ ಹಾಗೆ ದೋಸೆ ಹೊಯ್ಯುವುದು, ಅಜ್ಜನ ಹತ್ತಿರ ಇವತ್ತು ಎಷ್ಟು ಮಳೆ ಬಂತು ಕೇಳಿ ಕ್ಯಾಲೆಂಡರಿನಲ್ಲಿ ಬರೆಯುವುದು. ಅಜ್ಜನಿಗೆ ಮಳೆ ವಿಚಾರ ಸಿಕ್ಕಿದರೆ ಅರ್ಧ ಗಂಟೆ ಹೋದದ್ದೇ ಗೊತ್ತಾಗುವುದಿಲ್ಲ.

ಹಬ್ಬ

ಎಲ್ಲ ಹಬ್ಬ ಮಾಡಲು ಹೋಗಬೇಡಿ, ಸುಸ್ತಾಗಿ ಎಲ್ಲವನ್ನೂ ಬಿಡುತ್ತೀರಿ. ವರ್ಷಕ್ಕೆ ಮೂರು ಇಟ್ಟುಕೊಳ್ಳಿ, ವಾರದ ಮಧ್ಯೆ ಬಂದರೆ ಶನಿವಾರಕ್ಕೆ ಹಾಕಿ. ನಮ್ಮದು ಚೌತಿ, ದೀಪಾವಳಿ, ಮತ್ತು ಆಸಾಡಿ ಅಮಾಸಿ ಅಂದರೆ ಆಷಾಢದ ಅಮಾವಾಸ್ಯೆ. ಕೊನೆಯದಕ್ಕೆ ಕಷಾಯ ಮಾಡುವ ಹಾಲೆ ಮರದ ಕೆತ್ತೆ, ಅಂದರೆ ತೊಗಟೆ, ಅಲ್ಲಿ ಎಲ್ಲಿಂದ ತರುವುದು, ಬರೇ ಮೆಂತೆ ಗಂಜಿ. 2019ರಿಂದ ಅದೇ ದಿನ ವಿಶ್ವ ಕುಂದಾಪ್ರ ಕನ್ನಡ ದಿನ ಅಂತಲೂ ಮಾಡುತ್ತಾರಲ್ಲ, ಅವತ್ತು ಮನೆಯಲ್ಲಿ ಇಂಗ್ಲಿಷ್ ಶಬ್ದ ಬಂದರೆ ಡಬ್ಬಿಗೆ ಕಾಲು ಡಾಲರ್. ಡಬ್ಬಿ ತುಂಬಿಸಿದ್ದು ನನ್ನ ಗಂಡ.

ಅಷ್ಟಮಿಯಲ್ಲಿ ಒಂದು ತಮಾಷೆ ಇದೆ. ಉಡುಪಿಯಲ್ಲಿ ಸೌರ ಲೆಕ್ಕ, ಕೆಲವು ವರ್ಷ ಬೇರೆಯವರಿಗಿಂತ ಒಂದು ತಿಂಗಳು ತಡ. ಅಲ್ಲಿನ ದೇವಸ್ಥಾನದಲ್ಲಿ ಪ್ರಸಾದ ತಿಂದು ಬಂದು ಊರಿಗೆ ಫೋನ್ ಮಾಡಿದರೆ "ಅಷ್ಟಮಿ ಇನ್ನೂ ಬರಲೇ ಇಲ್ಲ" ಅನ್ನುತ್ತಾರೆ. ಎರಡೂ ಸಲ ಚಕ್ಕುಲಿ ಮಾಡಿ, ಮಕ್ಕಳಿಗೆ ಆಕ್ಷೇಪ ಇರುವುದಿಲ್ಲ.

ಊರಿಗೆ ಬರುವುದು ಯಾವಾಗ

ಎಲ್ಲರೂ ಮಾಡುವ ತಪ್ಪು ಇದು. ಅಲ್ಲಿ ದೊಡ್ಡ ರಜೆ ಜುಲೈ, ಆಗಸ್ಟ್. ಹಾಗಾಗಿ ಬರುವುದೆಲ್ಲ ಆಗಲೇ. ನಮ್ಮ ಮಕ್ಕಳಿಗೆ ತುಂಬ ವರ್ಷ ಊರು ಅಂದರೆ ಜಡಿಮಳೆ, ಒಣಗದ ಬಟ್ಟೆ, ಹೋದ ಕರೆಂಟು ಅಷ್ಟೇ ಆಗಿತ್ತು. ಮಲ್ಪೆಯ ಬೋಟುಗಳು ಜೂನ್ 1ರಿಂದ ಜುಲೈ 31ರವರೆಗೆ ಕಡಲಿಗಿಳಿಯುವುದಿಲ್ಲ, ಮೀನೂ ಇಲ್ಲ. ಮಾವು ಮುಗಿದಿರುತ್ತದೆ. ಕಂಬಳ ಇಲ್ಲ, ಕೋಲ ಇಲ್ಲ, ಮೇ ಕೊನೆಯ ಪತ್ತನಾಜೆ ಕಳೆದ ಮೇಲೆ ಯಕ್ಷಗಾನ ಮೇಳಗಳ ತಿರುಗಾಟವೂ ಇಲ್ಲ.

ಎರಡು ಮೂರು ವರ್ಷಕ್ಕೊಮ್ಮೆಯಾದರೂ ಡಿಸೆಂಬರಿನಲ್ಲಿ ಬನ್ನಿ. ಟಿಕೆಟ್ ದುಬಾರಿ, ಅದಕ್ಕೆ ಎಂಟು ತಿಂಗಳ ಮೊದಲೇ ನೋಡಿ. ಶಾಲೆಗೆ ಎರಡು ವಾರದ ರಜೆ ಇರುತ್ತದೆ, ಇನ್ನೊಂದು ವಾರಕ್ಕೆ ಚೀಟಿ ಬರೆದು ಕೊಡಿ. ಮುಂಬೈಗೆ ಇಳಿದು ಮತ್ಸ್ಯಗಂಧ ರೈಲಿನಲ್ಲಿ ಬಂದರೆ ಖರ್ಚೂ ಕಮ್ಮಿ, ಮಕ್ಕಳಿಗೆ ಸುರಂಗ, ಹೊಳೆ ನೋಡಿ ಖುಷಿ. ಬರುವ ಮೊದಲು ಊರಲ್ಲಿ ಯಾರ ಹತ್ತಿರವಾದರೂ ಹತ್ತಿರದ ಯಕ್ಷಗಾನದ ಆಟ ಎಲ್ಲಿ, ಯಾವಾಗ ಅಂತ ಕೇಳಿಡಿ. ಈಗ ನಡುರಾತ್ರಿಗೇ ಮುಗಿಸುವ ಮೇಳಗಳು ಜಾಸ್ತಿ, ಬೆಳಗಿನವರೆಗೆ ನಡೆಯುವುದಾ ಅಂತ ಖಚಿತ ಮಾಡಿಕೊಳ್ಳಿ. ಕೊಯ್ಲಾದ ಗದ್ದೆಯಲ್ಲಿ ಕೂತುಕೊಳ್ಳಲು ಚಾಪೆ, ಮಂಜಿಗೆ ಒಂದು ಶಾಲು, ಚರುಮುರಿಗೆ ಚಿಲ್ಲರೆ. ಹನ್ನೊಂದರ ಹೊತ್ತಿಗೆ ಮಕ್ಕಳು ನಿಮ್ಮ ತೊಡೆಯ ಮೇಲೆ ನಿದ್ದೆ ಹೋಗುತ್ತಾರೆ, ಹೋಗಲಿ ಬಿಡಿ. ಬಣ್ಣದ ವೇಷ, ಅಂದರೆ ರಾಕ್ಷಸ ಪಾತ್ರ, ಬರುವಾಗ ಮಾತ್ರ ಎಬ್ಬಿಸಿ.